ಗದ್ದುಗೆಯ ಮಾತು, ಬಯಲುಸೀಮೆಯ ಕಿವಿ

1971ರ ನವೆಂಬರ್ ಮೊದಲ ವಾರ. ವಾಷಿಂಗ್ಟನ್‌ನ ಶ್ವೇತಭವನದಲ್ಲಿ ರಿಚರ್ಡ್ ನಿಕ್ಸನ್ ಮತ್ತು ಇಂದಿರಾ ಗಾಂಧಿ ಎದುರುಬದುರು ಕುಳಿತಿದ್ದರು. ಪೂರ್ವ ಪಾಕಿಸ್ತಾನದಿಂದ ಲಕ್ಷಗಟ್ಟಲೆ ನಿರಾಶ್ರಿತರು ಗಡಿ ದಾಟಿ ಭಾರತಕ್ಕೆ ಬಂದಿದ್ದ ಕಾಲ ಅದು. ಹೊರಗೆ ಶಿಷ್ಟಾಚಾರಕ್ಕೆ ಕುಂದು ಬರಲಿಲ್ಲ. ಆದರೆ ಅತಿಥಿಯ ಬೆನ್ನ ಹಿಂದೆ ನಿಕ್ಸನ್ ಮತ್ತು ಅವರ ಭದ್ರತಾ ಸಲಹೆಗಾರ ಹೆನ್ರಿ ಕಿಸಿಂಜರ್ ಆಡಿಕೊಂಡ ಹೀನ ಮಾತುಗಳೆಲ್ಲ ಅಧ್ಯಕ್ಷರ ಕಚೇರಿಯಲ್ಲೇ ಅಡಗಿಸಿಟ್ಟಿದ್ದ ಧ್ವನಿಮುದ್ರಣ ಯಂತ್ರದಲ್ಲಿ ದಾಖಲಾದವು. 2005ರಲ್ಲಿ ಆ ದಾಖಲೆ ಬಯಲಾದಾಗ ಕಿಸಿಂಜರ್ ವಿಷಾದ ಸೂಚಿಸಬೇಕಾಯಿತು.

ಏಳು ವರ್ಷ ಕಳೆದು, 1978ರ ನವೆಂಬರ್ ಮೊದಲ ವಾರ ಬಂದಾಗ ನಿಕ್ಸನ್, ಇಂದಿರಾ ಇಬ್ಬರ ಕೈಯಲ್ಲೂ ಅಧಿಕಾರ ಇರಲಿಲ್ಲ. ಅಧ್ಯಕ್ಷ ಪದವಿಗೆ ರಾಜೀನಾಮೆ ಕೊಟ್ಟಿದ್ದ ನಿಕ್ಸನ್ ಕ್ಯಾಲಿಫೋರ್ನಿಯಾದ ಕಡಲತಡಿಯ ಮನೆ ಸೇರಿದ್ದರು. ಇಂದಿರಾ ಗಾಂಧಿ ಚಿಕ್ಕಮಗಳೂರು ಲೋಕಸಭಾ ಕ್ಷೇತ್ರದ ಉಪಚುನಾವಣೆಯಲ್ಲಿ ಮತ ಕೇಳುತ್ತಿದ್ದರು. ಚಿಕ್ಕಮಗಳೂರಿಗೆ ಆಗ ರೈಲು ಇರಲಿಲ್ಲ. ರೈಲಿನಲ್ಲಿ ಬಂದವರು ಕಡೂರಿನಲ್ಲೋ ಬೀರೂರಿನಲ್ಲೋ ಇಳಿದು ರಸ್ತೆ ಹಿಡಿಯಬೇಕಿತ್ತು. ಘಟ್ಟದ ಕೆಳಗಿನ ಕಾರ್ಕಳದಿಂದ ಮಲೆನಾಡಿನ ಶೃಂಗೇರಿ, ಮೂಡಿಗೆರೆ ಹಾದು ಬಯಲಿನ ತರೀಕೆರೆ, ಬೀರೂರು, ಕಡೂರಿನವರೆಗೆ ಹರಡಿದ್ದ ಕ್ಷೇತ್ರ ಅದು. ಮದಗದ ಕೆರೆಯ ಆಸುಪಾಸಿನ ಎಮ್ಮೆದೊಡ್ಡಿಯ ಕಡೆಯವರಿಗೂ, ಅಜ್ಜಂಪುರದ ಅಮೃತಮಹಲ್ ತಳಿಕೇಂದ್ರದ ಸುತ್ತಲಿನವರಿಗೂ, ಕಾಫಿತೋಟದ ಕೂಲಿಯವರಿಗೂ ಅಂದು ಸಿಕ್ಕಿದ್ದು ಒಂದೇ ಮತಪತ್ರ.

ನಾಯಕತ್ವ ಮತ್ತು ಅಧಿಕಾರದ ಬಗ್ಗೆ ದೊಡ್ಡವರು ಆಡಿದ ಮಾತುಗಳನ್ನು ಆರಿಸಿ ಪೋಣಿಸಿ ಹಂಚುವ ರೂಢಿ ಈಗ ಎಲ್ಲೆಡೆ ಇದೆ. ಮೊಬೈಲ್ ಸಂದೇಶಗಳಲ್ಲಿ, ವ್ಯಕ್ತಿತ್ವ ವಿಕಸನ ಶಿಬಿರಗಳಲ್ಲಿ ನಿಕ್ಸನ್ ಮಾತುಗಳೂ ಓಡಾಡುತ್ತವೆ. ಸೋಲು, ಛಲ, ಶತ್ರುತ್ವದ ಬಗ್ಗೆ ಅವರು ಸೊಗಸಾಗಿ ಮಾತನಾಡಬಲ್ಲವರಾಗಿದ್ದರು. ಆದರೆ ಇಸವಿಯನ್ನು ಕತ್ತರಿಸಿ ಹಾಕಿದ ಮಾತು ಎಷ್ಟು ಚೆಂದವಿದ್ದರೂ ಓದುಗರನ್ನು ದಾರಿ ತಪ್ಪಿಸುತ್ತದೆ. ಅದನ್ನು ಯಾವತ್ತು ಆಡಿದರು, ಅದರ ಮರುವರ್ಷ ಏನು ಮಾಡಿದರು, ಕೇಳಿದವರಿಗೆ ಏನಾಯಿತು ಎಂಬ ಮೂರನ್ನೂ ಕೂಡಿಸಿ ಓದಿದಾಗಲೇ ಅದರ ನಿಜವಾದ ಅರ್ಥ ಸಿಗುವುದು. ಅಮೆರಿಕದ ನಿಕ್ಸನ್ ವಿಷಯದಲ್ಲಿ ಇದೆಷ್ಟು ನಿಜವೋ ಚಿಕ್ಕಮಗಳೂರಿನ ಆ ಉಪಚುನಾವಣೆಯ ವಿಷಯದಲ್ಲೂ ಅಷ್ಟೇ ನಿಜ.

ನಿಕ್ಸನ್ ಅವರ ಮಾತುಗಳನ್ನೇ ಇಸವಿಯ ಸಮೇತ ನೋಡೋಣ. 1962ರಲ್ಲಿ ಕ್ಯಾಲಿಫೋರ್ನಿಯಾದ ಗವರ್ನರ್ ಚುನಾವಣೆ ಸೋತ ಮರುದಿನ ಅವರು ಪತ್ರಕರ್ತರ ಮೇಲೆ ಹರಿಹಾಯ್ದು, ಇನ್ನು ಮುಂದೆ ಒದೆಯಲು ನಿಮಗೆ ನಿಕ್ಸನ್ ಸಿಗುವುದಿಲ್ಲ, ಇದೇ ನನ್ನ ಕೊನೆಯ ಪತ್ರಿಕಾಗೋಷ್ಠಿ ಎಂದರು. ಆರು ವರ್ಷ ಕಳೆಯುವಷ್ಟರಲ್ಲಿ ಅವರೇ ಅಧ್ಯಕ್ಷರಾಗಿ ಆಯ್ಕೆಯಾದರು. 1969ರ ಜನವರಿ 20ರಂದು ಪ್ರಮಾಣವಚನ ಸ್ವೀಕರಿಸಿ ಮಾಡಿದ ಭಾಷಣದಲ್ಲಿ, ಒಬ್ಬರ ಮೇಲೊಬ್ಬರು ಕೂಗಾಡುವುದನ್ನು ನಿಲ್ಲಿಸುವವರೆಗೆ ಪರಸ್ಪರ ಕಲಿಯಲಾರೆವು ಎಂದರು. ಶಾಂತಿ ತಂದವನು ಎನಿಸಿಕೊಳ್ಳುವುದೇ ಚರಿತ್ರೆ ಕೊಡಬಹುದಾದ ಅತಿ ದೊಡ್ಡ ಗೌರವ ಎಂದದ್ದೂ ಅದೇ ಭಾಷಣದಲ್ಲಿ. ಯೋರ್ಬಾ ಲಿಂಡಾದಲ್ಲಿರುವ ಅವರ ಸಮಾಧಿಯ ಕಲ್ಲಿನ ಮೇಲೆ ಈ ಮಾತನ್ನೇ ಕೆತ್ತಲಾಗಿದೆ. ಪ್ರಮಾಣವಚನದ ಮರುವರ್ಷವೇ ಅಮೆರಿಕದ ಸೇನೆ ಕಾಂಬೋಡಿಯಾದೊಳಗೆ ನುಗ್ಗಿತು. ವಿಯೆಟ್ನಾಂ ಯುದ್ಧದಲ್ಲಿ ಅಮೆರಿಕ 1973ರವರೆಗೆ ಉಳಿಯಿತು. ಆದರೆ 1972ರಲ್ಲಿ ಚೀನಾಕ್ಕೆ ಹೋಗಿ ಮಾವೋ ಅವರ ಕೈಕುಲುಕಿ, ಎರಡು ದಶಕ ಮುಚ್ಚಿದ್ದ ಬಾಗಿಲು ತೆರೆದವರೂ ಇದೇ ನಿಕ್ಸನ್. ಸಮಾಧಿಯ ಮೇಲಿನ ಸಾಲು ಪೂರ್ತಿ ಸುಳ್ಳಲ್ಲ, ಪೂರ್ತಿ ನಿಜವೂ ಅಲ್ಲ.

ಮುಂದಿನದು ಎಲ್ಲರಿಗೂ ಗೊತ್ತಿರುವ ಕತೆ. 1972ರ ಜೂನ್ 17ರ ನಸುಕಿನಲ್ಲಿ ವಾಟರ್‌ಗೇಟ್ ಕಟ್ಟಡದಲ್ಲಿದ್ದ ಡೆಮಾಕ್ರಟಿಕ್ ಪಕ್ಷದ ಕಚೇರಿಗೆ ನುಗ್ಗಿದವರು ಸಿಕ್ಕಿಬಿದ್ದರು. ಆ ನವೆಂಬರ್‌ನಲ್ಲಿ ನಿಕ್ಸನ್ 50 ರಾಜ್ಯಗಳ ಪೈಕಿ 49ನ್ನು ಗೆದ್ದರು. ಮರುವರ್ಷ ನವೆಂಬರ್ 17ರಂದು ಫ್ಲಾರಿಡಾದಲ್ಲಿ ಸಂಪಾದಕರ ಮುಂದೆ ನಿಂತು, ತಮ್ಮ ಅಧ್ಯಕ್ಷ ವಂಚಕನೋ ಅಲ್ಲವೋ ಎಂಬುದು ಜನರಿಗೆ ಗೊತ್ತಾಗಬೇಕು, ನಾನು ವಂಚಕನಲ್ಲ ಎಂದು ಹೇಳಬೇಕಾದ ಸ್ಥಿತಿಗೆ ಬಂದರು. ತಮ್ಮ ಕಚೇರಿಯಲ್ಲಿ ತಾವೇ ಹಾಕಿಸಿದ್ದ ಯಂತ್ರ ಸುಮಾರು 3,700 ಗಂಟೆಗಳ ಮಾತನ್ನು ಹಿಡಿದಿಟ್ಟಿತ್ತು. ತನಿಖೆಗೆ ಬೇಕಾದ ಟೇಪುಗಳನ್ನು ಒಪ್ಪಿಸಬೇಕೆಂದು 1974ರ ಜುಲೈ 24ರಂದು ಸುಪ್ರೀಂ ಕೋರ್ಟ್ ಒಮ್ಮತದಿಂದ ಹೇಳಿತು. ಆಗಸ್ಟ್ 9ರಂದು ಅವರು ಅಧಿಕಾರ ಬಿಟ್ಟರು.

ಅವತ್ತು ಬೆಳಿಗ್ಗೆ ಶ್ವೇತಭವನದ ಸಿಬ್ಬಂದಿಯನ್ನು ಬೀಳ್ಕೊಡುವಾಗ ಅವರು ಆಡಿದ ಮಾತು ಅವರ ಎಲ್ಲ ಮಾತುಗಳಲ್ಲಿ ಅತ್ಯಂತ ಆಳವಾದದ್ದು. ಇತರರು ನಿಮ್ಮನ್ನು ದ್ವೇಷಿಸಬಹುದು. ನೀವೂ ಅವರನ್ನು ದ್ವೇಷಿಸತೊಡಗುವವರೆಗೆ ಅವರು ಗೆಲ್ಲುವುದಿಲ್ಲ. ದ್ವೇಷಿಸತೊಡಗಿದರೆ ನಿಮ್ಮನ್ನು ನೀವೇ ನಾಶ ಮಾಡಿಕೊಳ್ಳುತ್ತೀರಿ. ವಿರೋಧಿಗಳ ಹೆಸರಿನ ಪಟ್ಟಿ ಇಟ್ಟುಕೊಂಡಿದ್ದ ಆಡಳಿತದ ಮುಖ್ಯಸ್ಥರೊಬ್ಬರು ಎಲ್ಲವನ್ನೂ ಕಳೆದುಕೊಂಡ ಬೆಳಿಗ್ಗೆ ಆಡಿದ ಮಾತು ಎಂಬ ಕಾರಣಕ್ಕೇ ಅದಕ್ಕೆ ತೂಕವಿದೆ. ಶಿಬಿರದ ಭಿತ್ತಿಚಿತ್ರದಲ್ಲಿ ಅದನ್ನಷ್ಟೇ ಓದಿದವರಿಗೆ ಆ ಬೆಳಗಿನ ಸಂಕಟ ತಿಳಿಯುವುದಿಲ್ಲ.

ಅವರ ಅತ್ಯಂತ ಅಪಾಯಕಾರಿ ಮಾತು ಬಂದದ್ದು 1977ರಲ್ಲಿ. ರಾಷ್ಟ್ರದ ಹಿತಕ್ಕೆಂದು ಅಧ್ಯಕ್ಷರು ಕಾನೂನುಬಾಹಿರ ಕೆಲಸ ಮಾಡಿಸಬಹುದೇ ಎಂದು ದೂರದರ್ಶನ ಸಂದರ್ಶಕ ಡೇವಿಡ್ ಫ್ರಾಸ್ಟ್ ಕೇಳಿದರು. ಕದ್ದಾಲಿಕೆ, ಕಳ್ಳತನದ ಪ್ರವೇಶಗಳಿಗೆ ಶ್ವೇತಭವನದಲ್ಲೇ ಯೋಜನೆ ಸಿದ್ಧವಾಗಿದ್ದ ವಿಷಯ ಆ ಪ್ರಶ್ನೆಯ ಹಿಂದಿತ್ತು. ಅಧ್ಯಕ್ಷ ಅದನ್ನು ಮಾಡಿದ ಎಂದರೆ ಅದು ಕಾನೂನುಬಾಹಿರ ಅಲ್ಲ ಎಂದು ಅರ್ಥ ಎಂದರು ನಿಕ್ಸನ್. ಅಧ್ಯಕ್ಷ ಫೋರ್ಡ್ ಅವರ ಕ್ಷಮಾದಾನ ಆಗಲೇ ಸಿಕ್ಕಿದ್ದರಿಂದ ಅವರು ನ್ಯಾಯಾಲಯದ ಕಟಕಟೆ ಹತ್ತಬೇಕಾಗಿರಲಿಲ್ಲ. ಅರ್ಧ ಶತಮಾನದ ಬಳಿಕವೂ ಈ ಮಾತು ಮಡಿದಿಲ್ಲ. 2024ರ ಜುಲೈ 1ರಂದು ಡೊನಾಲ್ಡ್ ಟ್ರಂಪ್ ಪ್ರಕರಣದಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಅಧ್ಯಕ್ಷರ ಅಧಿಕೃತ ಕೃತ್ಯಗಳಿಗೆ ಕ್ರಿಮಿನಲ್ ಮೊಕದ್ದಮೆಯಿಂದ ವಿಶಾಲ ರಕ್ಷಣೆ ಕೊಟ್ಟಾಗ ಎಲ್ಲರ ಬಾಯಲ್ಲೂ ಮತ್ತೆ ನಿಕ್ಸನ್ ಹೆಸರು ಬಂತು.

ಭಾರತದಲ್ಲಿ ಇದೇ ಅರ್ಥದ ಮಾತನ್ನು ಕಾನೂನಾಗಿಯೇ ಬರೆಯುವ ಪ್ರಯತ್ನ ನಡೆದಿತ್ತು ಎಂಬುದನ್ನು ಹೆಚ್ಚಿನವರು ಮರೆತಿದ್ದಾರೆ. 1975ರ ಜೂನ್ 12ರಂದು ಅಲಹಾಬಾದ್ ಹೈಕೋರ್ಟಿನ ನ್ಯಾಯಮೂರ್ತಿ ಜಗಮೋಹನಲಾಲ್ ಸಿನ್ಹಾ ಅವರು ಇಂದಿರಾ ಗಾಂಧಿಯವರ ಆಯ್ಕೆಯನ್ನು ಅಸಿಂಧುಗೊಳಿಸಿದರು. ಅದೇ ತಿಂಗಳ 25ರ ರಾತ್ರಿ ತುರ್ತುಪರಿಸ್ಥಿತಿ ಜಾರಿಗೆ ಬಂತು. ರಾಷ್ಟ್ರಪತಿಗಳು ತುರ್ತುಪರಿಸ್ಥಿತಿ ಘೋಷಿಸಿದ್ದಾರೆ, ಗಾಬರಿಯಾಗುವಂಥದ್ದೇನೂ ಇಲ್ಲ ಎಂದು ಮರುದಿನ ಬೆಳಿಗ್ಗೆ ಆಕಾಶವಾಣಿಯಲ್ಲಿ ಪ್ರಧಾನಿಯ ದನಿ ಕೇಳಿಸಿತು. ಆಗಸ್ಟ್‌ನಲ್ಲಿ ಸಂವಿಧಾನದ 39ನೇ ತಿದ್ದುಪಡಿ ಬಂದು ಪ್ರಧಾನಿಯ ಚುನಾವಣೆಯನ್ನು ನ್ಯಾಯಾಲಯಗಳ ಕೈಯಿಂದ ತಪ್ಪಿಸಿತು. ಅದರ ಬೆನ್ನಿಗೇ ಬಂದ 41ನೇ ತಿದ್ದುಪಡಿ ಮಸೂದೆ ಇನ್ನೂ ಮುಂದೆ ಹೋಗಿ, ರಾಷ್ಟ್ರಪತಿ, ಪ್ರಧಾನಿ ಮತ್ತು ರಾಜ್ಯಪಾಲರ ಮೇಲೆ ಕ್ರಿಮಿನಲ್ ಮೊಕದ್ದಮೆಯನ್ನೇ ಹೂಡದಂತೆ ರಕ್ಷಣೆ ಕೊಡಹೊರಟಿತ್ತು. ಅಧಿಕಾರಕ್ಕೆ ಬರುವ ಮೊದಲಿನ ಕೃತ್ಯಗಳೂ ಅದರ ವ್ಯಾಪ್ತಿಯಲ್ಲಿದ್ದವು. ರಾಜ್ಯಸಭೆ ಅದನ್ನು ಅಂಗೀಕರಿಸಿತು. ಪುಣ್ಯಕ್ಕೆ ಲೋಕಸಭೆಯವರೆಗೆ ಅದು ಹೋಗಲಿಲ್ಲ. 39ನೇ ತಿದ್ದುಪಡಿಯ ಆ ಭಾಗವನ್ನು ಸುಪ್ರೀಂ ಕೋರ್ಟ್ ಅದೇ ವರ್ಷದ ನವೆಂಬರ್ 7ರಂದು ತಳ್ಳಿಹಾಕಿತು. ಆದರೆ ಆಯ್ಕೆಯನ್ನು ಎತ್ತಿಹಿಡಿಯಿತು.

ಗಾಬರಿಯಾಗುವಂಥದ್ದೇನೂ ಇಲ್ಲ ಎಂಬ ಮಾತು ಪ್ರಸಾರವಾದ ದಿನವೇ ಬೆಂಗಳೂರಿನಲ್ಲಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಬಂಧಿತರಾದರು. ಅದೇ ಬೆಂಗಳೂರಿನ ಸೆರೆಮನೆಯಲ್ಲಿ ಮುಂದೆ ಎಂಟು ತಿಂಗಳು ಕಳೆದವರು ಸ್ನೇಹಲತಾ ರೆಡ್ಡಿ. ಯು.ಆರ್. ಅನಂತಮೂರ್ತಿಯವರ ಕಾದಂಬರಿ ಆಧರಿಸಿದ 'ಸಂಸ್ಕಾರ' ಚಿತ್ರದ ಚಂದ್ರಿ ಅವರೇ. ಆ ಚಿತ್ರದ ಅಗ್ರಹಾರ ಶೃಂಗೇರಿ ಬಳಿಯ ವೈಕುಂಠಪುರ. ಅಂದರೆ ಕನ್ನಡಕ್ಕೆ ಹೊಸ ಸಿನಿಮಾ ತಂದ ಆ ಕಲಾವಿದೆ ಕ್ಯಾಮೆರಾ ಮುಂದೆ ನಿಂತದ್ದು ಇದೇ ಚಿಕ್ಕಮಗಳೂರು ಜಿಲ್ಲೆಯಲ್ಲಿ. ಜಾರ್ಜ್ ಫರ್ನಾಂಡಿಸ್ ಅವರ ಭೂಗತ ಹೋರಾಟಕ್ಕೆ ನೆರವಾದರೆಂಬ ಶಂಕೆಯ ಮೇಲೆ ಸ್ನೇಹಲತಾ ಅವರನ್ನು 1976ರ ಮೇ ತಿಂಗಳಲ್ಲಿ ಹಿಡಿದರು. ದೋಷಾರೋಪ ಪಟ್ಟಿಯಲ್ಲಿ ಅವರ ಹೆಸರೇ ಬರಲಿಲ್ಲ. ಆಸ್ತಮಾ ಇದ್ದ ಅವರಿಗೆ ಒಳಗೆ ಸರಿಯಾದ ಚಿಕಿತ್ಸೆ ಸಿಗಲಿಲ್ಲ. ಬಿಡುಗಡೆಯಾಗಿ ಕೆಲವೇ ದಿನಕ್ಕೆ, 1977ರ ಜನವರಿ 20ರಂದು ತೀರಿಕೊಂಡರು. ಆ ಸಾವನ್ನು ಬದಿಗಿಟ್ಟು ಚಿಕ್ಕಮಗಳೂರಿನ ಉಪಚುನಾವಣೆಯ ರೋಚಕತೆಯನ್ನಷ್ಟೇ ಹೇಳುವ ಬರಹಗಳು ಅರ್ಧ ಕತೆ ಮಾತ್ರ ಹೇಳುತ್ತವೆ.

ಹಾಗಿದ್ದರೂ ಆ ಜಿಲ್ಲೆ ಎರಡು ವರ್ಷದೊಳಗೆ ಇಂದಿರಾ ಗಾಂಧಿಯವರನ್ನು ಏಕೆ ಗೆಲ್ಲಿಸಿತು?

1977ರ ಮಾರ್ಚ್‌ನಲ್ಲಿ ಉತ್ತರ ಭಾರತ ಅವರನ್ನು ಕೆಳಗಿಳಿಸಿತು. ರಾಯ್‌ಬರೇಲಿಯಲ್ಲಿ ಅವರೇ ರಾಜ್‌ನಾರಾಯಣ್ ಎದುರು ಸೋತರು. ಕರ್ನಾಟಕ ಮಾತ್ರ 28ರಲ್ಲಿ 26 ಸ್ಥಾನಗಳನ್ನು ಕಾಂಗ್ರೆಸ್ಸಿಗೆ ಕೊಟ್ಟಿತು. ಅದರಲ್ಲಿ ಚಿಕ್ಕಮಗಳೂರೂ ಒಂದು. ಗೆದ್ದವರು ಮೂಡಿಗೆರೆ ತಾಲ್ಲೂಕಿನ ದಾರದಹಳ್ಳಿಯ ಡಿ.ಬಿ. ಚಂದ್ರೇಗೌಡ. ಮರುವರ್ಷ ಅವರು ಇಂದಿರಾ ಅವರಿಗಾಗಿ ಸ್ಥಾನ ಬಿಟ್ಟುಕೊಟ್ಟರು. ಮುಖ್ಯಮಂತ್ರಿ ದೇವರಾಜ ಅರಸು ಇಡೀ ಪ್ರಚಾರವನ್ನು ಹೆಗಲ ಮೇಲೆ ಹೊತ್ತರು. ಜನತಾ ಪಕ್ಷ ಮಾಜಿ ಮುಖ್ಯಮಂತ್ರಿ ವೀರೇಂದ್ರ ಪಾಟೀಲರನ್ನು ಕಣಕ್ಕಿಳಿಸಿತು. ಅದಕ್ಕೂ ಮೊದಲು ಡಾ. ರಾಜ್‌ಕುಮಾರ್ ಅವರನ್ನೇ ಇಂದಿರಾ ಎದುರು ನಿಲ್ಲಿಸುವ ಪ್ರಯತ್ನ ನಡೆದಿತ್ತು. ಅವರು ಒಪ್ಪಲಿಲ್ಲ. ಕೇಂದ್ರ ಸಚಿವರಾಗಿದ್ದ ಜಾರ್ಜ್ ಫರ್ನಾಂಡಿಸ್ ಊರೂರು ತಿರುಗಿ ತುರ್ತುಪರಿಸ್ಥಿತಿಯ ದಿನಗಳನ್ನು ನೆನಪಿಸಿದರು. ಸ್ನೇಹಲತಾ ರೆಡ್ಡಿಯವರು ಸೆರೆ ಸೇರಿದ್ದು ಯಾರ ಹೋರಾಟದ ನೆಪದಲ್ಲೋ ಅದೇ ಫರ್ನಾಂಡಿಸ್.

ಆ ಚುನಾವಣೆಯಿಂದ ಇಡೀ ದೇಶದ ಬಾಯಿಗೆ ಬಂದ ಘೋಷಣೆ ಒಂದೇ: ಏಕ್ ಶೇರ್ನಿ ಸೌ ಲಂಗೂರ್, ಚಿಕ್ಕಮಗಳೂರ್ ಭಾಯಿ ಚಿಕ್ಕಮಗಳೂರ್. ಒಂದು ಹೆಣ್ಣು ಸಿಂಹ, ನೂರು ಮುಸುವಗಳು ಎಂಬ ಈ ಹಿಂದಿ ಪ್ರಾಸವನ್ನು ಕವಿ ಶ್ರೀಕಾಂತ ವರ್ಮಾ ಕಟ್ಟಿದರೆಂದು ಹೇಳಲಾಗುತ್ತದೆ. ಪುಸ್ತಕಗಳಲ್ಲಿ, ವಾರ್ಷಿಕ ನೆನಪುಗಳಲ್ಲಿ ಇದೇ ಆ ಗೆಲುವಿನ ಗುರುತಾಗಿ ಉಳಿದಿದೆ. ಆದರೆ ಕಡೂರಿನ ಸಂತೆಗೆ ಬಂದ ರೈತ, ತರೀಕೆರೆಯ ಅಡಿಕೆ ತೋಟದ ಗೇಣಿದಾರ, ಕಾರ್ಕಳದ ಗದ್ದೆ ಒಕ್ಕಲು ಹಿಂದಿಯ ಪ್ರಾಸ ಕೇಳಿ ಮತ ಹಾಕಿದರು ಎಂದು ನಂಬಲು ಕಾರಣವಿಲ್ಲ. ಅವರ ಕೈಯಲ್ಲಿ ಬೇರೊಂದು ಕಾಗದ ಇತ್ತು.

ಆ ಕಾಗದದ ಹೆಸರು ಫಾರಂ ನಂಬರ್ 7. ಅರಸು ಸರ್ಕಾರದ ಭೂಸುಧಾರಣಾ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದು, ಅಂದಿನವರೆಗೆ ಗೇಣಿಗೆ ಉಳುತ್ತಿದ್ದ ಭೂಮಿಯನ್ನೆಲ್ಲ ಸರ್ಕಾರದ ವಶಕ್ಕೆ ತಂದಿತು. ಉಳುವವರು ತಾಲ್ಲೂಕಿನ ಭೂನ್ಯಾಯ ಮಂಡಳಿಗೆ ಫಾರಂ 7 ಸಲ್ಲಿಸಿ ಒಡೆತನ ಕೇಳಬಹುದಿತ್ತು. ಮಂಡಳಿಯಲ್ಲಿ ಅಧಿಕಾರಿಯ ಜೊತೆ ಸ್ಥಳೀಯ ಸಾರ್ವಜನಿಕರೂ ಸದಸ್ಯರಾಗಿ ಕುಳಿತಿರುತ್ತಿದ್ದರು. ಧಣಿಯ ಎದುರು ನಿಂತು ಈ ಗದ್ದೆ ಉತ್ತವನು ನಾನು ಎಂದು ಒಕ್ಕಲು ಬಾಯಿಬಿಟ್ಟು ಹೇಳಬೇಕಾದ ಜಾಗ ಅದು. ಅರ್ಜಿ ಹಾಕುವ ಗಡುವು 1979ರ ಜೂನ್ 30ರವರೆಗೆ ವಿಸ್ತರಣೆಯಾಯಿತು. ಅಂದರೆ ಇಂದಿರಾ ಗಾಂಧಿ ಮತ ಕೇಳಲು ಬಂದ 1978ರ ನವೆಂಬರ್‌ನಲ್ಲಿ ಭೂನ್ಯಾಯ ಮಂಡಳಿಗಳ ಕೆಲಸ ಇನ್ನೂ ಮುಗಿದಿರಲಿಲ್ಲ. ಅರಸು ಸರ್ಕಾರ ಬಿದ್ದರೆ ಆ ಅರ್ಜಿಗಳ ಗತಿಯೇನು ಎಂಬುದು ಸಾವಿರಾರು ಮನೆಗಳ ಪ್ರಶ್ನೆ. ಜೀತ ವಿಮುಕ್ತಿ, ಋಣ ಪರಿಹಾರ ಕಾಯ್ದೆ, ಹಾವನೂರು ಆಯೋಗದ ವರದಿಯ ನಂತರದ ಹಿಂದುಳಿದ ವರ್ಗಗಳ ಮೀಸಲಾತಿ ಎಲ್ಲವೂ ಅದೇ ಐದಾರು ವರ್ಷಗಳಲ್ಲಿ ಬಂದಂಥವು.

ಈ ಲಾಭ ಎಲ್ಲರಿಗೂ ಸಮನಾಗಿ ಸಿಗಲಿಲ್ಲ ಎಂಬುದನ್ನೂ ಹೇಳಬೇಕು. ಗೇಣಿ ಪದ್ಧತಿ ದಟ್ಟವಾಗಿದ್ದ ಕರಾವಳಿಯಲ್ಲಿ, ಅಡಿಕೆ ಸೀಮೆಯಲ್ಲಿ ಕಾಯ್ದೆ ಬದುಕನ್ನೇ ಬದಲಿಸಿತು. ಕಾಫಿ ತೋಟಗಳಿಗೆ ಕಾಯ್ದೆಯಿಂದ ವಿನಾಯಿತಿ ಇದ್ದದ್ದರಿಂದ ಲೈನ್ ಮನೆಯ ಕೂಲಿಯವರಿಗೆ ನೆಲ ಸಿಗಲಿಲ್ಲ. ಕಡೂರಿನ ಬಯಲಿನಲ್ಲಿ ತೊಡಕು ಇನ್ನೊಂದು ಬಗೆಯದು. ಮಲೆನಾಡಿನ ಬೆನ್ನಿಗೇ ಇದ್ದರೂ ಮಳೆ ಕೈಕೊಡುವ ಸೀಮೆ ಇದು. ಎಮ್ಮೆದೊಡ್ಡಿ, ಅಜ್ಜಂಪುರದ ಕಡೆ ನೆಲ ಎಂದರೆ ಅಮೃತಮಹಲ್ ಕಾವಲು, ಗೋಮಾಳ, ಕುರುಚಲು ಕಾಡಿನ ಅಂಚು. ಅಲ್ಲಿ ಉಳುವವನ ಎದುರು ನಿಂತ ಒಡೆಯ ಧಣಿ ಅಲ್ಲ, ಸರ್ಕಾರ. ಸರ್ಕಾರಿ ನೆಲ ಉತ್ತವನಿಗೆ ಫಾರಂ 7 ದಾರಿ ತೆರೆಯಲಿಲ್ಲ.

ಗೆಲುವಿನ ಅಂತರ 70 ಸಾವಿರ ಮತಗಳನ್ನು ಮೀರಿತು. ಪುಟಗಟ್ಟಲೆ ಭಾಷಣ, ಗೋಡೆಗಟ್ಟಲೆ ಘೋಷಣೆಗಳ ನಡುವೆ ಮತದಾರರು ತಮ್ಮ ಲೆಕ್ಕ ತಾವು ಮಾಡಿದ್ದರು. ಆ ಲೆಕ್ಕದಲ್ಲಿ ಸ್ನೇಹಲತಾ ರೆಡ್ಡಿಯವರ ಸಾವಿಗೆ ಸಿಕ್ಕಬೇಕಾದ ಜಾಗ ಸಿಗಲಿಲ್ಲ ಎಂಬುದು ನೋವಿನ ಸಂಗತಿ. ಆದರೆ ನೆಲಕ್ಕಾಗಿ ಮತ ಹಾಕಿದವರನ್ನು ಮರುಳಾದವರೆಂದು ಜರೆಯುವುದು ಅನ್ಯಾಯ. ಉತ್ತರದಲ್ಲಿ ಬಲವಂತದ ಸಂತಾನಹರಣ ಚಿಕಿತ್ಸೆಯ ರೂಪದಲ್ಲಿ ಮನೆಬಾಗಿಲಿಗೆ ಬಂದ ಅದೇ ಆಡಳಿತ, ಇಲ್ಲಿನ ಎಷ್ಟೋ ಮನೆಗಳಿಗೆ ಪಹಣಿಯಲ್ಲಿ ಹೆಸರಿನ ರೂಪದಲ್ಲಿ ಬಂದಿತ್ತು.

ಸಂಸದೆಯಾಗಿ ಇಂದಿರಾ ಗಾಂಧಿ ಚಿಕ್ಕಮಗಳೂರನ್ನು ಪ್ರತಿನಿಧಿಸಿದ್ದು ಕೆಲವೇ ವಾರ. ಮಾರುತಿ ಕಂಪನಿಯ ಬಗ್ಗೆ ಸಂಸತ್ತಿನಲ್ಲಿ ಕೇಳಿದ ಪ್ರಶ್ನೆಗೆ ಮಾಹಿತಿ ಸಂಗ್ರಹಿಸುತ್ತಿದ್ದ ಅಧಿಕಾರಿಗಳಿಗೆ ತಮ್ಮ ಅಧಿಕಾರಾವಧಿಯಲ್ಲಿ ಅಡ್ಡಿಪಡಿಸಿದ ಹಕ್ಕುಚ್ಯುತಿ ಪ್ರಕರಣದಲ್ಲಿ 1978ರ ಡಿಸೆಂಬರ್ 19ರಂದು ಲೋಕಸಭೆ ಅವರನ್ನು ಉಚ್ಚಾಟಿಸಿ ಅಧಿವೇಶನ ಮುಗಿಯುವವರೆಗೆ ತಿಹಾರ್ ಜೈಲಿಗೆ ಕಳಿಸಿತು. ಕ್ಷೇತ್ರದ ಮತದಾರರ ತೀರ್ಪನ್ನು ಸದನದ ಬಹುಮತ ಹೀಗೆ ಅಳಿಸಿಹಾಕಿದ್ದು ಸರಿಯೇ ಎಂಬ ಪ್ರಶ್ನೆ ಇಂದಿಗೂ ಜೀವಂತ. ತಪ್ಪು ಮಾಡಿದವರಿಗೆ ಶಿಕ್ಷೆ ಕೊಡಲು ನ್ಯಾಯಾಲಯ ಇತ್ತು. 1981ರ ಮೇ ತಿಂಗಳಲ್ಲಿ, ಇಂದಿರಾ ಅವರ ಪಕ್ಷವೇ ಬಹುಮತದಲ್ಲಿದ್ದ ಮುಂದಿನ ಲೋಕಸಭೆ ಆ ನಿರ್ಣಯವನ್ನು ರದ್ದು ಮಾಡಿತು.

ಅಧಿಕಾರದ ಮಾತು ಎಷ್ಟು ಬೇಗ ಮಗ್ಗುಲು ಬದಲಿಸುತ್ತದೆ ಎಂಬುದಕ್ಕೆ ಈ ಉಪಚುನಾವಣೆಯ ಪಾತ್ರಧಾರಿಗಳನ್ನು ನೋಡಿದರೆ ಸಾಕು. ಇಂದಿರಾ ಅವರನ್ನು ಗೆಲ್ಲಿಸಿದ ಅರಸು ಮರುವರ್ಷವೇ ಅವರ ಪಕ್ಷದಿಂದ ಉಚ್ಚಾಟಿತರಾದರು. 1980ರ ಜನವರಿ ಚುನಾವಣೆಯಲ್ಲಿ ಇಂದಿರಾ ಕಾಂಗ್ರೆಸ್ ರಾಜ್ಯದ 28ರಲ್ಲಿ 27 ಸ್ಥಾನ ಗೆದ್ದಾಗ ಮುಖ್ಯಮಂತ್ರಿ ಸ್ಥಾನ ಬಿಟ್ಟರು. 1982ರ ಜೂನ್ 6ರಂದು ತೀರಿಕೊಂಡರು. ಸೋತ ವೀರೇಂದ್ರ ಪಾಟೀಲರು ಇಂದಿರಾ ಪಕ್ಷವನ್ನೇ ಸೇರಿ ಅವರ ಸಂಪುಟದಲ್ಲಿ ಸಚಿವರಾದರು, 1989ರಲ್ಲಿ ಮತ್ತೆ ಮುಖ್ಯಮಂತ್ರಿಯಾದರು. ಮರುವರ್ಷ ಅನಾರೋಗ್ಯದಲ್ಲಿದ್ದಾಗಲೇ ಅವರನ್ನು ಬದಲಿಸುವುದಾಗಿ ರಾಜೀವ್ ಗಾಂಧಿ ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿ ಪ್ರಕಟಿಸಿಬಿಟ್ಟರು. ಸ್ಥಾನ ಬಿಟ್ಟುಕೊಟ್ಟ ಚಂದ್ರೇಗೌಡರು ವಿಧಾನಸಭೆಯ ಅಧ್ಯಕ್ಷರಾಗಿ, ಕಾನೂನು ಸಚಿವರಾಗಿ, ಕೊನೆಗೆ 2009ರಲ್ಲಿ ಬಿಜೆಪಿಯಿಂದ ಬೆಂಗಳೂರು ಉತ್ತರದ ಸಂಸದರಾಗಿ ಕೆಲಸ ಮಾಡಿ, 2023ರ ನವೆಂಬರ್‌ನಲ್ಲಿ ನಿಧನರಾದರು.

ಆ ಕ್ಷೇತ್ರವೂ ಈಗ ಹಳೆಯ ರೂಪದಲ್ಲಿ ಇಲ್ಲ. 2008ರ ಮರುವಿಂಗಡಣೆಯಲ್ಲಿ ಕಡೂರು ಹಾಸನ ಲೋಕಸಭಾ ಕ್ಷೇತ್ರಕ್ಕೆ ಹೋಯಿತು, ತರೀಕೆರೆ ಉಡುಪಿ–ಚಿಕ್ಕಮಗಳೂರಿನಲ್ಲಿ ಉಳಿಯಿತು. ನೆಲದ ಪ್ರಶ್ನೆ ಮಾತ್ರ ಎರಡೂ ಕಡೆ ಹಾಗೆಯೇ ಇದೆ. ಸರ್ಕಾರಿ ನೆಲ ಉಳುವ ಬಗರ್‌ಹುಕುಂ ಸಾಗುವಳಿದಾರರು ಫಾರಂ 50, 53, ಆಮೇಲೆ 57 ಎಂದು ಅರ್ಜಿ ತುಂಬುತ್ತ ಬಂದಿದ್ದಾರೆ. ಕಾವಲಿನ ಹುಲ್ಲುಗಾವಲು ಉಳಿಯಬೇಕು, ತಲೆಮಾರಿನಿಂದ ಉತ್ತವರಿಗೆ ನೆಲೆಯೂ ಸಿಗಬೇಕು ಎಂಬ ಎರಡು ನ್ಯಾಯಗಳ ನಡುವೆ ಕಡತಗಳು ಸಿಕ್ಕಿಕೊಂಡಿವೆ.

1978ರಲ್ಲಿ ಮತ ಹಾಕಲು 21 ವರ್ಷ ತುಂಬಿರಬೇಕಿತ್ತು. ಅಂದು ಸಾಲಿನಲ್ಲಿ ನಿಂತ ಅತಿ ಕಿರಿಯರಿಗೂ ಈಗ ಎಪ್ಪತ್ತರ ಆಸುಪಾಸಿನ ವಯಸ್ಸು. ಕಡೂರು, ಬೀರೂರು, ತರೀಕೆರೆಯ ಪದವಿ ಕಾಲೇಜುಗಳ ಇತಿಹಾಸ ಮತ್ತು ರಾಜ್ಯಶಾಸ್ತ್ರ ವಿಭಾಗಗಳು ವಿದ್ಯಾರ್ಥಿಗಳನ್ನು ಕಳಿಸಿ ಈ ಹಿರಿಯರ ಮಾತನ್ನು ಧ್ವನಿಮುದ್ರಿಸಿಕೊಳ್ಳಬೇಕು. ಅವರು ಯಾರ ಭಾಷಣ ಕೇಳಿದರು, ಮನೆಯಲ್ಲಿ ಏನು ಮಾತಾಡಿಕೊಂಡರು, ಫಾರಂ 7 ಹಾಕಿದ್ದರೇ, ಧಣಿ ಏನೆಂದ, ಮಂಡಳಿಯ ಮುಂದೆ ಸಾಕ್ಷಿ ಹೇಳಿದವರು ಯಾರು ಎಂಬುದೆಲ್ಲ ಬರವಣಿಗೆಗೆ ಬರಬೇಕು. ಭೂನ್ಯಾಯ ಮಂಡಳಿಗಳ ನಡವಳಿ ಕಡತಗಳು ಒಕ್ಕಲುಗಳ ಹೇಳಿಕೆಗಳನ್ನು ಅವರ ಹೆಬ್ಬೆಟ್ಟಿನ ಗುರುತಿನ ಸಮೇತ ಹಿಡಿದಿಟ್ಟಿವೆ. ಗೆದ್ದಲು ಹತ್ತುವ ಮೊದಲು ಅವುಗಳನ್ನು ಸ್ಕ್ಯಾನ್ ಮಾಡಿ ರಾಜ್ಯ ಪತ್ರಾಗಾರ ಇಲಾಖೆಗೆ ಒಪ್ಪಿಸುವ ಕೆಲಸವನ್ನು ಜಿಲ್ಲಾಡಳಿತ ಈ ವರ್ಷವೇ ಶುರು ಮಾಡಬಹುದು.